ಏರಿಯ ಮೇಲೆ ಮರೆತಿಟ್ಟ ಕ್ಯಾಮೆರಾ

ಹಾಸನದ ಬಸ್ ನಿಲ್ದಾಣದ ಹಿಂದಿನ ಬೀದಿಯಲ್ಲಿ, ಸೈಕಲ್ ಅಂಗಡಿಯ ಮೇಲಿನ ಕೋಣೆಯೊಂದರಲ್ಲಿ ನಾನು ಸಾಕ್ಷ್ಯಚಿತ್ರಗಳನ್ನು ಸಂಕಲಿಸುತ್ತಿದ್ದೆ. ತೊಂಬತ್ತರ ದಶಕದ ಕೊನೆಯ ವರ್ಷಗಳವು. ಈ ಕೆಲಸವನ್ನು ಯಾರೂ ನನಗೆ ಕಲಿಸಲಿಲ್ಲ. ಮದುವೆಯ ಕ್ಯಾಸೆಟ್ಟುಗಳನ್ನು ಕೆಡಿಸಿ ಕೆಡಿಸಿ ಕಲಿತೆ. ಉಳಿದವರು ವಿವರಣೆಯನ್ನು ಮೊದಲು ಓದಿಸಿಕೊಂಡು ಅದಕ್ಕೆ ಚಿತ್ರ ಅಂಟಿಸುತ್ತಿದ್ದರು. ನಾನು ಧ್ವನಿ ಮುಚ್ಚಿ ಚಿತ್ರವನ್ನಷ್ಟೇ ನೋಡುತ್ತಿದ್ದೆ. ಬರೆದಿಟ್ಟ ಮಾತು ಕಣ್ಣನ್ನು ಕಟ್ಟಿಹಾಕುತ್ತದೆಂಬುದು ನನ್ನ ಹಟ. ಅದರಿಂದಾಗಿ ಬರುವವರು ಕಡಿಮೆಯಾದರು. ಬಿಡದೆ ಬರುತ್ತಿದ್ದವನು ಹೊಳೆನರಸೀಪುರದ ಗೆಳೆಯನೊಬ್ಬನೇ, ನಿರ್ದೇಶಕ.

ಅರಕಲಗೂಡಿನ ಬಳಿಯ ಹಳ್ಳಿಯೊಂದರಲ್ಲಿ ಜನರೇ ಸೇರಿ ಕೆರೆಯ ಹೂಳೆತ್ತಿದ್ದನ್ನು ಅವನು ಚಿತ್ರಿಸಿ ತಂದ. ಊಟದ ಹೊತ್ತಿಗೆ ಕ್ಯಾಮೆರಾದವನು ಕ್ಯಾಮೆರಾ ನಿಲ್ಲಿಸುವುದನ್ನು ಮರೆತು, ಏರಿಯ ಮೇಲಿಟ್ಟು ಎಲೆಯ ಮುಂದೆ ಕೂತುಬಿಟ್ಟಿದ್ದ. ಓರೆಯಾದ ಆ ಚೌಕಟ್ಟಿನೊಳಗೆ, ಊಟದ ಸಾಲಿನಿಂದ ದೂರದಲ್ಲಿ, ಬೆಳಗಿನಿಂದ ಮಣ್ಣು ಹೊತ್ತ ಹೆಂಗಸೊಬ್ಬಳು ಬೊಗಸೆಯೊಡ್ಡಿ ನಿಂತಿದ್ದಳು. ಯಾರದೋ ಕೈ ಎತ್ತರದಿಂದ, ಚೊಂಬು ತಾಗದಂತೆ, ನೀರು ಹೊಯ್ಯುತ್ತಿತ್ತು. ನಾನದನ್ನು ಚಿತ್ರದ ನಡುವೆ ಸೇರಿಸಿದೆ. ಟೇಪಿನ ಕಾಲವದು; ನಡುವಿನದೊಂದನ್ನು ತೆಗೆದರೆ ಅಲ್ಲಿಂದ ಮುಂದಿನದನ್ನೆಲ್ಲ ಹೊಸದಾಗಿ ಜೋಡಿಸಬೇಕಿತ್ತು.

ಗೆಳೆಯ ನೋಡಿ ಸಿಡುಕಿದ. “ತೆಗಿಯಲಾ ಅದ್ನ. ನಿನ್ ಗಂಟೇನ್ ಓಗ್ತದೆ?”

“ಇರ್ಲಿ ಬಿಡು.”

“ಮುಂದಿಂದೆಲ್ಲ ಮತ್ತೆ ಜೋಡಿಸ್ಬೇಕು ಅಂತ ಸೋಮಾರಿತನವಾ? ಊರೆಲ್ಲ ಒಂದಾಗಿ ಹೂಳೆತ್ತಿದ್ದು ಸುಳ್ಳೇನ್ಲಾ?”

“ಎತ್ತಿದ್ದು ದಿಟ ಕಣ. ನೀರು ಕುಡಿದಿದ್ದು ಬ್ಯಾರೆ ಬ್ಯಾರೆ.”

“ನಾಳೆ ಆ ಊರಿಗೆ ಮುಖ ತೋರಿಸ್ಬೇಕಾದೋನು ನಾನು, ನೀನಲ್ಲ.”

ಕ್ಯಾಸೆಟ್ಟುಗಳನ್ನು ಚೀಲಕ್ಕೆ ತುಂಬಿಕೊಂಡು ಅವನು ಚನ್ನರಾಯಪಟ್ಟಣದ ಇನ್ನೊಬ್ಬ ಸಂಕಲನಕಾರನ ಬಳಿಗೆ ಹೋದ.

ಚಿತ್ರವನ್ನು ಆ ಹಳ್ಳಿಯ ಶಾಲೆಯಲ್ಲಿ ತೋರಿಸಿದಾಗ, ಯಾರೂ ಕರೆಯದಿದ್ದರೂ, ನಾನೂ ಹೋಗಿ ಹಿಂದೆ ನಿಂತೆ. ಊಟದ ಸಾಲು ಬಂತು, ಬೊಗಸೆ ಬರಲಿಲ್ಲ. ಅಂದು ಊರೇ ಒಂದು ಮನೆಯಾಯಿತೆಂದು ವಿವರಣೆಯ ಗಂಭೀರ ಧ್ವನಿ ಹೇಳಿತು. ಗೋಡೆಯ ಬದಿ ಕುಳಿತಿದ್ದ ಅದೇ ಹೆಂಗಸು ಗಟ್ಟಿಯಾಗಿ ನಕ್ಕಳು.

“ಯಾವ್ ಮನೆ ಸಾ ಅದು? ನಂಗ್ಯಾರೂ ಬಾಗ್ಲು ತೋರಿಸ್ನಿಲ್ವಲ್ಲ!”

ಮುಂದಿನ ಸಾಲಿನಲ್ಲಿದ್ದ ಗೆಳೆಯ ಹೊರಳಿ ನೋಡಿದ. ಅವಳತ್ತ ಅಲ್ಲ, ನನ್ನತ್ತ. ಅವಳಿಗೆ ನಾನೇ ಹೇಳಿಕೊಟ್ಟೆನೆಂದು ಅವನು ಆ ಕ್ಷಣದಲ್ಲೇ ನಂಬಿದ; ಎಲ್ಲರಿಗೂ ಹಾಗೆಯೇ ಹೇಳಿಕೊಂಡು ಬಂದ. ಅವಳೊಡನೆ ನಾನು ಅಂದಿಗೂ ಇಂದಿಗೂ ಒಂದು ಮಾತನ್ನೂ ಆಡಿದವನಲ್ಲ. ಅದನ್ನು ಅವನು ಕೇಳಲಿಲ್ಲ. ಕೇಳದವನಿಗೆ ನಾನು ಹೇಳಲಿಲ್ಲ.

ಆಮೇಲೆ ಕೋಣೆಗೆ ಕಂಪ್ಯೂಟರ್ ಬಂತು, ಕೆಲಸ ಸಲೀಸಾಯಿತು. ಜೋಡಿಸಿದ್ದನ್ನು ಪಕ್ಕದಲ್ಲಿ ಕೂತು ನೋಡಿ ಬೈಯುವವನು ಮಾತ್ರ ಮತ್ತೆ ಸಿಗಲಿಲ್ಲ.