ಕಾಶಿಯಲ್ಲಿ ನಾನು ಬಿಟ್ಟದ್ದು

ಕಾಶಿಗೆ ಬಂದವರು ತಮಗೆ ಇಷ್ಟವಾದ ಒಂದನ್ನು ಅಲ್ಲಿ ಬಿಡಬೇಕೆಂಬುದು ನಮ್ಮವರ ರೂಢಿ. ಎಪ್ಪತ್ತರ ದಶಕದಲ್ಲಿ ನಾನು ಅಲ್ಲಿ ನೆಲೆಸಲು ಹೋದಾಗ ಜೊತೆಗೆ ಬಂದ ನನ್ನ ತಾಯಿ ಹಲಸಿನ ಹಣ್ಣು ಬಿಟ್ಟರು. ನಾನು ಗಂಟೆ, ವೇಳಾಪಟ್ಟಿ, ಮಗ್ಗಿ, ಪರೀಕ್ಷೆ, ಬೆತ್ತ ಎಲ್ಲವನ್ನೂ ಬಿಟ್ಟೆ. ತಮಾಷೆಗೆ ಹೇಳುತ್ತಿಲ್ಲ. ನಸುಕಿನಲ್ಲಿ ಎಬ್ಬಿಸಿ, ಸಾಲಾಗಿ ನಿಲ್ಲಿಸಿ, ತಪ್ಪಿದರೆ ಬಾರಿಸುವ ವಿದ್ಯಾರ್ಥಿನಿಲಯದಲ್ಲಿ ಬೆಳೆದವನು ನಾನು. ಅಂಥ ಕಲಿಕೆ ಯಾವ ಮಗುವಿಗೂ ಬೇಡವೆಂದು ಗಂಗೆಯಲ್ಲಿ ಮುಳುಗೆದ್ದು ನಿಶ್ಚಯಿಸಿದೆ.

ಹರಿಶ್ಚಂದ್ರ ಘಾಟಿಗೆ ಹತ್ತಿರದ ಗಲ್ಲಿಯಲ್ಲಿ ಕನ್ನಡದವರ ಮಠವೊಂದರ ಜಗಲಿ ಸಿಕ್ಕಿತು. ಇಬ್ಬರು ಗೆಳೆಯರೊಂದಿಗೆ ಅಲ್ಲಿ ಶಾಲೆ ತೆರೆದೆ. ದೋಣಿಯವರ, ಹೂ ಮಾರುವವರ, ಮಠದ ಆಳುಗಳ ಮಕ್ಕಳು ಬರುತ್ತಿದ್ದರು. ಬೇಕಾದಾಗ ಬರಬಹುದು, ಬೇಕಾದ್ದು ಮಾಡಬಹುದು. ಓದಬೇಕೆನಿಸಿದ ದಿನ ಮಗು ತಾನೇ ಪುಸ್ತಕ ಹಿಡಿಯುತ್ತದೆ ಎಂದು ನಂಬಿದ್ದೆವು. ಊರಿನ ಕನ್ನಡ ಮಾಸಪತ್ರಿಕೆಯೊಂದಕ್ಕೆ ಇದನ್ನೆಲ್ಲ ಲೇಖನಗಳಾಗಿ ಬರೆಯುತ್ತಿದ್ದೆ.

ಒಂದು ಲೇಖನ ಮಠದ ಅಡುಗೆಯಾಕೆಯ ಮಗಳ ಬಗ್ಗೆಯೇ ಇತ್ತು. ಆಕೆ ವಿಜಾಪುರದ ಕಡೆಯ ವಿಧವೆ. ಮಗಳು ಎಂಟು ವರ್ಷದವಳಿದ್ದಾಗ ನಮ್ಮಲ್ಲಿಗೆ ಬಂದಳು. ಜೇಡಿಮಣ್ಣಿನಲ್ಲಿ ಇಡೀ ಘಾಟನ್ನೇ ಕಟ್ಟಿ, ಹಿಂದಿ ಕನ್ನಡ ಬೆರೆಸಿ ಅದರ ಕಥೆ ಹೇಳುತ್ತಿದ್ದಳು. ಲೇಖನವನ್ನು ಮಠದ ಸ್ವಾಮಿಗಳೊಬ್ಬರು ಹುಡುಗಿಯ ತಾಯಿಗೆ ಓದಿ ಹೇಳಿದರು. ಮರುದಿನ ನಮ್ಮ ಮನೆಗೆ ಗೋಧಿ ಹುಗ್ಗಿ ಬಂತು.

ಎರಡು ವರ್ಷ ಕಳೆದ ಮೇಲೆ, ಮುಂದೆ ಸರ್ಟಿಫಿಕೇಟು ಬೇಕಾಗುತ್ತದೆಂದು ಆಕೆ ಮಗಳನ್ನು ಕಾಶಿಯದೇ ಲಂಕಾ ಎಂಬ ಬಡಾವಣೆಯ ಸರ್ಕಾರಿ ಶಾಲೆಗೆ ಸೇರಿಸಲು ಹೋದಳು. ಸಂಜೆ ನೇರವಾಗಿ ಜಗಲಿಗೆ ಬಂದಳು.

“ಐದನೇತ್ತಕ್ಕ ಕೂಡಸ್ರಿ ಅಂದೆ. ಹೆಡ್‌ಮಾಸ್ತರು ಪುಸ್ತಕ ಕೊಟ್ಟು ಓದು ಅಂದ್ರು. ಕೂಸು ಚಿತ್ರ ನೋಡಿ ತಾನ ಒಂದು ಕಥಿ ಹೇಳ್ತು. ಎಲ್ಲಾರೂ ನಕ್ಕರು. ಒಂದನೇತ್ತಕ್ಕ ಕೂಡಸ್ತೀವಿ ಅಂದ್ರು. ಸಣ್ಣ ಹುಡುಗ್ರ ನಡುವ ಒಂಟೆ ಕುಂತಂಗ ಕಾಣತಾಳ್ರೀ.”

“ಓದುವ ಆಸೆ ಒಳಗಿನಿಂದ ಹುಟ್ಟಬೇಕಮ್ಮ,” ಎಂದೆ. ಅದು ನನ್ನ ಲೇಖನದ ವಾಕ್ಯ.

“ನಿಮಗ ಒಳಗಿಂದ ಹುಟ್ಟಿತ್ತೇನ್ರೀ?”

ನಾನು ಮಕ್ಕಳು ಬಿಟ್ಟುಹೋಗಿದ್ದ ಜೇಡಿಮಣ್ಣನ್ನು ಒಟ್ಟುಮಾಡತೊಡಗಿದೆ.

“ಹೇಳ್ರಿ ಸರ, ನೀವು ಹ್ಯಾಂಗ ಕಲಿತ್ರಿ?”

“ಹೊಡೆಸಿಕೊಂಡು.”

“ಹೊಡೀಬ್ಯಾಡ್ರಿ. ದಿನಾ ಒಂದು ತಾಸು ಕೂಡಿಸಿ ಕಲಸಾಕ ಏನ್ ಧಾಡಿ ಆಗಿತ್ರೀ ನಿಮಗ? ನಿಮ್ಮ ಕೂಸಾಗಿದ್ರ ಹಿಂಗ ಬಿಡ್ತಿದ್ರೇನು? ನನ್ನ ಮಗಳ ಸುದ್ದಿ ಊರೆಲ್ಲಾ ಓದಿತು. ಆಕಿಗೆ ಅದನ್ನ ಓದಾಕ ಬರಂಗಿಲ್ಲ.”

ಮನೆಗೆ ಹೋಗಿ ನನ್ನ ತಾಯಿಗೆ ಹೇಳಿದೆ. ಸಮಾಧಾನದ ಮಾತು ಬರಬಹುದೆಂದಿದ್ದೆ.

“ಕಾಶೀಲಿ ಬಿಡೋದು ಅವರವರ ಎಲೇಲಿರೋದನ್ನ ಕಣೋ,” ಎಂದರು. “ಪಕ್ಕದೆಲೆಯವರ ಪಾಯಸ ಬಿಡಿಸೋಕೆ ನೀನ್ಯಾರು?”

ಬೆತ್ತ ಬಿಟ್ಟದ್ದು ತಪ್ಪೆಂದು ನನಗೆ ಇಂದಿಗೂ ಅನಿಸುವುದಿಲ್ಲ. ಆದರೆ ನನಗೆ ಅನ್ನ ಕೊಟ್ಟ ಅಕ್ಷರವನ್ನೂ ಮಗ್ಗಿಯನ್ನೂ ಬೆತ್ತದ ಜೊತೆಗೇ ಎಸೆದಿದ್ದೆ. ಪ್ರಯೋಗ ಕೆಟ್ಟರೆ ನನಗೆ ಊರಿನಲ್ಲಿ ಬೇರೆ ಕೆಲಸ ಸಿಗುತ್ತಿತ್ತು. ಆ ಹುಡುಗಿಗೆ ಇದ್ದದ್ದು ಆ ಎರಡು ವರ್ಷಗಳೇ. ಅವು ಖರ್ಚಾದದ್ದು ನನ್ನ ಲೇಖನಗಳಿಗೆ.

ಮರುದಿನದಿಂದ ಬೆಳಗಿನ ಮೊದಲ ತಾಸು ಓದು, ಬರಹ, ಮಗ್ಗಿ ಎಂದು ಗೊತ್ತುಮಾಡಿದೆ. “ಬಂತಪ್ಪ, ಹಾಸ್ಟೆಲಿನ ಭೂತ ಮತ್ತೆ ಮೈಮೇಲೆ ಬಂತು!” ಎಂದು ಗೆಳೆಯರು ಹಂಗಿಸಿದರು. ಹಂಗಿಸಲಿ ಎಂದು ಕಲಿಸಿದೆ. ಮಕ್ಕಳು ಕುಳಿತರು, ಕೆಲವರಿಗೆ ಖುಷಿಯೂ ಆಯಿತು. ಆ ಹುಡುಗಿ ಮಾತ್ರ ಬರಲಿಲ್ಲ. ಒಂದನೇ ತರಗತಿಯಲ್ಲಿ ಕೂರಲಾರೆನೆಂದು ಹಟ ಹಿಡಿದಿದ್ದಳಂತೆ. ಮಗಳು ಗಲ್ಲಿಯಲ್ಲಿ ಅಲೆಯುವುದು ಬೇಡವೆಂದು ತಾಯಿ ಅವಳನ್ನು ಗಂಗೆಯಾಚೆಯ ರಾಮನಗರದ ಒಂದು ಮನೆಯಲ್ಲಿ ಮಗು ನೋಡಿಕೊಳ್ಳಲು ಬಿಟ್ಟಿದ್ದಳು.

ಅಕ್ಷರಮಾಲೆಯ ಪುಸ್ತಕ ಹಿಡಿದು ದೋಣಿಯಲ್ಲಿ ಗಂಗೆ ದಾಟಿದೆ. ಹುಡುಗಿ ಸೊಂಟದ ಮೇಲೆ ಮಗು ಕೂರಿಸಿಕೊಂಡು ಬಾಗಿಲಿಗೆ ಬಂದಳು.

“ಬಾ, ನಿನ್ನೊಬ್ಬಳಿಗೇ ಬೇರೆ ಕೂತು ಕಲಿಸುತ್ತೇನೆ. ಅಮ್ಮನಿಗೆ ನಾನು ಹೇಳುತ್ತೇನೆ.”

“ನಹೀ ಮಾಸ್ಟರ್‌ಜೀ. ಅಮ್ಮ ಇವ್ರಿಗೆ ಮಾತು ಕೊಟ್ಟಾಳ. ಮತ್ತ ನನಗ ಶರಮ್ ಆಗತೈತಿ. ನನಗ ದಿಮಾಗ್ ಇಲ್ಲ ಅಂದ್ರು ಆ ಸಾಲ್ಯಾಗ.”

“ನಿನಗೆ ಬುದ್ಧಿ ಇದೆ. ನಾನು ಕಲಿಸಲಿಲ್ಲ, ಅಷ್ಟೇ.”

ಅವಳು ನಂಬಲಿಲ್ಲ. ಪುಸ್ತಕವನ್ನು ಅವಳ ಕೈಗಿತ್ತೆ. ಮಗು ಅದರ ತುದಿ ಚೀಪತೊಡಗಿತು. ಅವಳು ಬಿಡಿಸಿ, ಲಂಗಕ್ಕೆ ಒರೆಸಿ, ನನಗೇ ಮರಳಿಸಿದಳು. ನನ್ನ ಮುಖ ನೋಡಿ ಏನನಿಸಿತೋ,

“ಬೇಜಾರ್ ಮಾಡ್ಕೋಬ್ಯಾಡ್ರಿ ಮಾಸ್ಟರ್‌ಜೀ,” ಎಂದಳು. “ನೀವು ಒಮ್ಮಿನೂ ನನಗ ಬೈದಿಲ್ಲ.”

ಒಳಗಿನಿಂದ ಯಾರೋ ಕರೆದರು. ಅವಳು ಓಡಿಹೋದಳು. ಅವಳ ತಾಯಿಯಂತೆ ಅವಳೂ ನಾಲ್ಕು ಮಾತು ಬೈದಿದ್ದರೆ ತಲೆಯೆತ್ತಿ ದೋಣಿ ಹತ್ತುತ್ತಿದ್ದೆನೇನೋ.