ಡಿಗ್ನಾಳ ಮೋತೆ, ಒಂಬತ್ತು ಒಂಟಿ ನಾಲಗೆ

ನಮ್ಮೂರಲ್ಲಿ ಒಂಟಿಗಳ ಸಂಘ ಅಂತ ಒಂದಿದೆ. ಸಂಘ ಅಂದಮೇಲೆ ಒಂಟಿ ಹೇಗೆ ಎಂದು ಊರವರು ನಗುತ್ತಾರೆ, ನಗಲಿ. ಪ್ರತಿ ಗುರುವಾರ ಮಧ್ಯಾಹ್ನ ಡಿಗ್ನಾಳ ಹಿತ್ತಲಿನ ಮಾವಿನ ಮರದ ಕೆಳಗೆ ನಾವು ಒಂಬತ್ತು ಜನ ಸೇರಿ ಒಂದೇ ಪಾತ್ರೆಯ ಮೋತೆ ಉಣ್ಣುತ್ತೇವೆ. ಗೆಡ್ಡೆ ಕರಗುವವರೆಗೆ ಬೇಯಿಸಿ, ಉಪ್ಪು ಚೀಸಿನ ತುಂಡು ಹಾಕಿದ ಗಟ್ಟಿ ಸಾರು ಅದು.

ಸಂಘ ಹುಟ್ಟಿದ್ದು ಒಂದು ಹಲ್ಲುನೋವಿನಿಂದ. ನನ್ನ ತಾತನ ಕಾಲದಲ್ಲಿ ಹೆಲಿಯೊಡೊರೊ ಮೇಷ್ಟ್ರಿಗೆ ಹನ್ನೊಂದು ದಿನ ದವಡೆಹಲ್ಲು ನೋಯಿತಂತೆ. ನೋಡಲು ಬಂದವರೆಲ್ಲ ‘ನಿಮ್ಮ ನೋವು ನಮಗೆ ಗೊತ್ತಾಗುತ್ತೆ ಮೇಷ್ಟ್ರೇ’ ಅಂದರು. ಕೊನೆಗೆ ಅವರು ರೇಗಿ, “ಗೊತ್ತಾಗುತ್ತಾ? ಹಾಗಾದ್ರೆ ಅರ್ಧ ನೀವು ತಗೊಂಡು ಹೋಗಿ!” ಎಂದು ಎಲ್ಲರನ್ನೂ ಆಚೆ ಅಟ್ಟಿದರು. ಹಲ್ಲು ಕೀಳಿಸಿದ ಮೇಲೂ ಆ ಯೋಚನೆ ಅವರನ್ನು ಬಿಡಲಿಲ್ಲ. ಒಬ್ಬನ ಅರಿವಿನೊಳಗೆ ಇನ್ನೊಬ್ಬ ಕಾಲಿಡಲಾರ, ಇಟ್ಟೆ ಎನ್ನುವವನು ಸುಳ್ಳ, ನಮ್ಮಿಂದ ಆಗುವುದು ಹೇಳುವುದು ಮತ್ತು ಕೇಳುವುದು ಅಷ್ಟೇ ಎಂದು ಅವರು ಕಲಿಸಿದರು.

ಹಾಗಾಗಿ ನಮ್ಮ ನಿಯಮ ಹೀಗೆ. ಮೊದಲ ತುತ್ತಾದ ಮೇಲೆ ಪ್ರತಿಯೊಬ್ಬರೂ “ನನ್ನ ಕಡೆಯಿಂದ” ಎಂದು ಶುರುಮಾಡಿ ತಮಗೆ ರುಚಿ ಹೇಗಿದೆ ಅಂತ ಹೇಳಬೇಕು. ಉಳಿದವರು “ಕೇಳಿದೆ” ಅನ್ನಬೇಕು. “ಹೌದು” ಅನ್ನುವಂತಿಲ್ಲ. “ನನಗೂ” ಅಂತೂ ಕೂಡದೇ ಕೂಡದು. ಮೂವತ್ತು ವರ್ಷದಲ್ಲಿ ಆ ಮರದ ಕೆಳಗೆ ಆ ಪದ ನನ್ನ ಕಿವಿಗೆ ಬಿದ್ದಿರಲಿಲ್ಲ.

ಡಿಗ್ನಾ ಸಂಘದವಳಲ್ಲ, ಅಡುಗೆಯವಳು. ಹತ್ತೊಂಬತ್ತನೇ ವಯಸ್ಸಿನಲ್ಲಿ ತಾಯಿಯ ಕೈಯಿಂದ ಸೌಟು ತೆಗೆದುಕೊಂಡಳು. ನಾವಿಬ್ಬರೂ ಒಂದೇ ಬೀದಿಯಲ್ಲಿ ಬೆಳೆದವರು. ನನ್ನ ಮಗಳಿಗೆ ಅವಳೇ ಧರ್ಮತಾಯಿ, ಅದಕ್ಕೇ ನಾನವಳಿಗೆ ಕೊಂಪಾದ್ರೆ, ಅವಳು ನನಗೆ ಕೊಮಾದ್ರೆ. ಗಂಡ ಕೆಲಸಕ್ಕೆಂದು ವೆನೆಜುವೆಲಾಕ್ಕೆ ಹೋಗಿ ಅಲ್ಲೇ ಇನ್ನೊಂದು ಸಂಸಾರ ಹೂಡಿದಾಗ, “ನನ್ನ ಕಡೆಯಿಂದ, ಹಾಸಿಗೆ ಅಗಲ ಆಯ್ತು” ಅಂದು ನಮ್ಮನ್ನೇ ಅಣಕಿಸಿದ್ದಳು. “ತಟ್ಟೆ ತೊಳೆಯೋ ಹೊತ್ತಿಗೆ ಮಾತ್ರ ಎಲ್ರೂ ಹೇಗಪ್ಪಾ ಒಂಟಿ ಆಗ್ಬಿಡ್ತೀರಾ?” ಅನ್ನುವುದು ಅವಳ ವಾರದ ಮಾತು. ಉಳಿದ ದಿನ ಬಸ್ ಡ್ರೈವರುಗಳಿಗೆ ಊಟ ಮಾರುತ್ತಿದ್ದಳು. ನಮ್ಮ ಕಡೆಯ ಚೀಸು ಒಂದು ವಾರ ಇದ್ದಷ್ಟು ಉಪ್ಪು ಇನ್ನೊಂದು ವಾರ ಇರುವುದಿಲ್ಲ. ಅದನ್ನು ಉಪ್ಪು ಬಿಡಲೆಂದು ಬೆಳಗ್ಗೆಯೇ ನೀರಲ್ಲಿ ಹಾಕಿ, ಆಗಾಗ ಒಂದು ಚೂರು ಕಚ್ಚಿ ನೋಡಿ, ಹದ ಬಂದಾಗ ತೆಗೆಯುತ್ತಿದ್ದಳು.

ಹೋದ ವರ್ಷದ ಹಿಂದಿನ ವರ್ಷ, ಜನವರಿಯಲ್ಲಿ ಅವಳಿಗೆ ಒಂದು ಕೆಟ್ಟ ಜ್ವರ ಬಂತು. ಎದ್ದ ಮೇಲೆ ಡ್ರೈವರುಗಳ ಊಟ ನಿಲ್ಲಿಸಿದಳು. ಮೊಣಕಾಲು ನೋವು ಅಂದಳು. “ಕೇಳಿದೆ” ಅಂದೆವು. ಗುರುವಾರದ ಮೋತೆ ಮಾತ್ರ ಬಿಡಲಿಲ್ಲ.

ಫೆಬ್ರವರಿಯಿಂದ ಆ ಮೋತೆ ಉಪ್ಪಾಗತೊಡಗಿತು. ಆದರೆ ಯಾರಿಗೆ ಉಪ್ಪು? ನನ್ನ ನಾಲಗೆಗೆ ಉಪ್ಪು. ಪಕ್ಕದವನದ್ದು ನನಗೇನು ಗೊತ್ತು! ಕ್ಷೌರಿಕ ಉಬಾಲ್ದೊ, “ನನ್ನ ಕಡೆಯಿಂದ, ಸಮುದ್ರದ ನೆನಪು ಬರ್ತಿದೆ” ಅಂದ. ಕೇಳಿದೆವು. ಮೇಷ್ಟ್ರ ಅಳಿಯ, ನಮಗೆಲ್ಲ ಹಿರಿಯರಾದ ದೋನ್ ನಿಕಾನೋರ್, “ನನ್ನ ಕಡೆಯಿಂದ, ಮುಪ್ಪಿನ ರುಚಿ” ಅಂದರು. ಅದನ್ನೂ ಕೇಳಿದೆವು. ಉಬಾಲ್ದೊ ಗುಟ್ಟಾಗಿ ಸಿನ್ಸೆಲೇಹೊ ಪಟ್ಟಣಕ್ಕೆ ಹೋಗಿ ಬಿ.ಪಿ. ನೋಡಿಸಿಕೊಂಡು ಬಂದ. ನಾನು ಮನೆಯಲ್ಲಿ ಉಪ್ಪು ಕಡಿಮೆ ಮಾಡು ಅಂತ ಹೆಂಡತಿಗೆ ಹೇಳಿ, ಎರಡು ವಾರ ಸಪ್ಪೆ ಅನ್ನದ ಜೊತೆ ಬೈಗುಳವನ್ನೂ ತಿಂದೆ.

ಮೇ ತಿಂಗಳ ಒಂದು ಬುಧವಾರ, ಅವಳ ಚಪ್ಪಲಿಗೆ ಹೊಸ ಬಾರು ಹೊಲಿದು ಕೊಡಲು ಹೋದೆ. ಚಪ್ಪಲಿ ಹೊಲಿಯುವುದು ನನ್ನ ಕಸುಬು. ಒಲೆಯ ಕಡೆ ಬೆನ್ನು ಮಾಡಿ ನಿಂತು ಏನೋ ಹರಟುತ್ತಿದ್ದಳು. ಹಿಂದೆ ಬಾಣಲೆಯಲ್ಲಿ ಬಾಳೆಹಣ್ಣಿನ ಹೋಳುಗಳು ಸೀದು ಇದ್ದಿಲಾಗುತ್ತಿದ್ದವು. ಘಾಟಿಗೆ ನನಗೆ ಕೆಮ್ಮು ಬಂತು.

“ಏನು ಕೊಂಪಾದ್ರೆ, ನೆಗಡಿನಾ?” ಅಂದಳು.

ನಾನು ಬಾಣಲೆ ನೋಡಿದೆ. ಅವಳೂ ತಿರುಗಿ ನೋಡಿದಳು. ಬಾಣಲೆ ಇಳಿಸಿದಳು. ಅವಳಾಗಿ ಹೇಳುವವರೆಗೆ ಕಾಯಬೇಕು, ಅದು ನಿಯಮ. “ಮೊಣಕಾಲು ಹೇಗಿದೆ?” ಅಂದೆ. “ಇದೆ” ಅಂದಳು. ಬಂದುಬಿಟ್ಟೆ. ಅದನ್ನು ನೆನೆಸಿಕೊಂಡರೆ ಈಗಲೂ ನಾಚಿಕೆಯಾಗುತ್ತದೆ.

ಮರುದಿನ ಉಬಾಲ್ದೊ ಮತ್ತೆ ಶುರುಮಾಡಿದ. “ನನ್ನ ಕಡೆಯಿಂದ, ಇವತ್ತು ಸ್ವಲ್ಪ ಜಾಸ್ತೀನೇ ಸಮುದ್ರ.”

ನಾನು ಅಡುಗೆಮನೆಯ ಬಾಗಿಲ ಕಡೆ ನೋಡಿದೆ. ಡಿಗ್ನಾ ಸೌಟು ಹಿಡಿದು, ಮುಂದಕ್ಕೆ ಬಾಗಿ, ನಮ್ಮ ಬಾಯಿಗಳನ್ನೇ ಒಂದೊಂದಾಗಿ ನೋಡುತ್ತಿದ್ದಳು. ಇಷ್ಟು ದಿನ ಅವಳು ಹೊಗಳಿಕೆಗೆ ನಿಲ್ಲುತ್ತಾಳೆ ಅಂದುಕೊಂಡಿದ್ದೆ. ಆ ಮುಖದಲ್ಲಿ ಇದ್ದದ್ದು ಹೆದರಿಕೆ.

“ನನಗೂ” ಅಂದೆ.

ಚಮಚಗಳೆಲ್ಲ ನಿಂತವು. “ಏನಂದೆ?” ಎಂದರು ದೋನ್ ನಿಕಾನೋರ್.

“ನನಗೂ ಉಪ್ಪು. ಸಮುದ್ರ ಗಿಮುದ್ರ ಎಲ್ಲ ಅಲ್ಲ, ಬರೀ ಉಪ್ಪು. ಬಾಯಿಗಿಡೋಕಾಗಲ್ಲ.”

“ಅಯ್ಯೋ ನಿನ್ನ!” ಉಬಾಲ್ದೊ ಎದ್ದೇ ನಿಂತ. “ಬಿ.ಪಿ. ಬಂದಿದೆ ಅಂತ ಸಿನ್ಸೆಲೇಹೊವರೆಗೂ ಹೋಗಿ ಬಂದ್ನಲ್ಲೋ! ನನಗೂ!”

ಆಮೇಲೆ ಎಲ್ಲರೂ ಒಟ್ಟಿಗೆ ಶುರುಮಾಡಿದರು. ದೋನ್ ನಿಕಾನೋರ್ ಕೋಲು ಕುಟ್ಟಿದರು. “ಮಾವನವರು ಇದ್ದಿದ್ರೆ...” ಅಂದು ಅರ್ಧಕ್ಕೆ ನಿಲ್ಲಿಸಿ, ತಟ್ಟೆಯನ್ನು ಮುಂದಕ್ಕೆ ತಳ್ಳಿದರು. “ನನಗೂ. ಫೆಬ್ರವರಿಯಿಂದ.”

“ಫೆಬ್ರವರಿಯಿಂದ?” ಡಿಗ್ನಾ ಹಿತ್ತಲಿಗೆ ಇಳಿದು ಬಂದಳು. “ಜ್ವರ ಬಿಟ್ಟಾಗಿಂದ ನಂಗೆ ರುಚಿಯಿಲ್ಲ, ವಾಸನೆಯಿಲ್ಲ. ಗಡಿಯಾರ ನೋಡ್ಕೊಂಡು ಚೀಸು ನೆನೆಹಾಕ್ತಿದ್ದೆ. ಒಂಬತ್ತು ಬಾಯಲ್ಲಿ ಒಂದಾದ್ರೂ ಹೇಳುತ್ತೆ ಅಂತ ಪ್ರತಿ ಗುರುವಾರ ಅಲ್ಲಿ ನಿಂತ್ಕೊಂಡೆ. ಸಮುದ್ರವಂತೆ! ನಾನದನ್ನ ಹೊಗಳಿಕೆ ಅಂದ್ಕೊಂಡೆ!”

“ನೀನಾದ್ರೂ ಹೇಳಬಾರ್ದಿತ್ತಾ ಕೊಮಾದ್ರೆ?”

“ಹೇಳಿದ್ರೆ ಏನಂತಿದ್ರಿ? ಕೇಳಿದೆ ಅಂತಿದ್ರಿ.”

ಆವತ್ತು ತಟ್ಟೆಗಳನ್ನು ನಾವೇ ತೊಳೆದೆವು.

ಈಗ ಗುರುವಾರ ಬೆಳಗ್ಗೆ ಸರದಿಯ ಮೇಲೆ ನಮ್ಮಲ್ಲೊಬ್ಬರು ಅವಳ ಒಲೆಯ ಪಕ್ಕ ಕೂರುತ್ತಾರೆ. ಡ್ರೈವರುಗಳ ಊಟವೂ ಮತ್ತೆ ಶುರುವಾಗಿದೆ. ಆ ದಿನಗಳಲ್ಲಿ ನನ್ನ ಹೆಂಡತಿ ಹೋಗಿ ರುಚಿ ನೋಡಿ ಬರುತ್ತಾಳೆ. ನಿಯಮ ಹಾಗೇ ಇದೆ ಎಂದು ದೋನ್ ನಿಕಾನೋರ್ ಹಟ ಹಿಡಿದಿದ್ದಾರೆ, ಆದರೆ ಸರದಿ ಬಂದಾಗ ಎಲ್ಲರಿಗಿಂತ ಮೊದಲು ಬಂದು ಚೀಸು ಕಚ್ಚುವವರೂ ಅವರೇ. ಡಿಗ್ನಾಳಿಗೆ ರುಚಿ ಮರಳಿ ಬಂದಿಲ್ಲ. ಬರುವುದಿಲ್ಲ ಅಂದಿದ್ದಾರೆ ಡಾಕ್ಟರು.

ಹೋದ ವಾರ ನನ್ನ ಸರದಿ. ಒಂದು ಚಮಚ ಕುಡಿದು, “ಸರಿಯಾಗಿದೆ” ಅಂದೆ.

“ಸರಿ ಅಂದ್ರೆ ಹೇಗೆ ಸರಿ? ಬಾಯಿಬಿಟ್ಟು ಹೇಳು.”

ಇನ್ನೊಂದು ಚಮಚ ಕುಡಿದೆ. “ನಮ್ಮಮ್ಮ ತೀರಿಕೊಂಡ ದಿನ ನೀನು ಹಿಂದಿನ ಬಾಗಿಲಿಂದ ಒಂದು ಪಾತ್ರೆ ಹೊತ್ಕೊಂಡು ಬಂದಿದ್ದೆಯಲ್ಲ. ನಾನು ನಿಂತ್ಕೊಂಡೇ ಸೌಟಲ್ಲಿ ತಿಂದೆ, ನೀನೂ ಅದೇ ಸೌಟಲ್ಲಿ ತಿಂದೆ. ಆವತ್ತಿನ ಹಾಗಿದೆ.”

ಅವಳು ನನ್ನ ಕೈಯಿಂದ ಚಮಚ ತೆಗೆದುಕೊಂಡು, ಮೋತೆಯಲ್ಲಿ ಅದ್ದಿ, ಬಾಯಲ್ಲಿಟ್ಟುಕೊಂಡಳು. ತುಂಬ ಹೊತ್ತು ನುಂಗಲಿಲ್ಲ.

“ನನಗೂ” ಅಂದಳು.