‘ಆತು’ ಅಂದರೆ ಒಪ್ಪಿಗೆಯಲ್ಲ

ನಮ್ಮ ಕಡೆ ‘ಆತು’ ಎಂಬ ಮಾತಿಗೆ ಅರ್ಥ ಒಂದಲ್ಲ. ಊಟ ಮುಗಿದರೂ ಆತು, ಜಗಳ ಮುಗಿದರೂ ಆತು. ನನ್ನ ಉಪನ್ಯಾಸ ಸಾಕೆನಿಸಿದಾಗ ಹೆಂಡತಿ ಹೇಳುವುದೂ ಅದನ್ನೇ. ಆದರೆ ಈ ಎರಡಕ್ಷರ ಕಾನೂನುಬದ್ಧ ಸಮ್ಮತಿಯೂ ಹೌದೆಂಬ ಅಪೂರ್ವ ವ್ಯಾಖ್ಯಾನವನ್ನು ನಾನು ಕೇಳಿದ್ದು ಲಕ್ಷ್ಮೇಶ್ವರದ ನಮ್ಮ ಭಾವನ ಪ್ರಕರಣದಲ್ಲಿ.

ಭಾವ ಬಸಣ್ಣ, ಅಂದರೆ ನನ್ನ ಅಕ್ಕ ಶಾಂತಕ್ಕನ ಗಂಡ, ಹೊಲಿಗೆ ಅಂಗಡಿ ನಡೆಸುವವರು. ಒಬ್ಬಳೇ ಮಗಳು ಗದಗಿನಲ್ಲಿ ನರ್ಸಿಂಗ್ ಓದುತ್ತಾಳೆ. ಒಂದು ಮಧ್ಯಾಹ್ನ ತರುಣನೊಬ್ಬ ಅಂಗಡಿಗೆ ಓಡಿಬಂದು, "ನಿಮ್ಮ ಮಗಳಿಗೆ ಮುಳಗುಂದದ ಹತ್ರ ಲಾರಿ ಬಡದೈತ್ರಿ" ಎಂದ. ಭಾವ ಬರಿಗಾಲಲ್ಲಿ ರಸ್ತೆಗೆ ಓಡಿ, ಮುಗ್ಗರಿಸಿ ಬಿದ್ದು, ಬಿದ್ದಲ್ಲೇ ಎದೆ ಬಡಿದುಕೊಂಡು ಅತ್ತರು. ಆಗ ಎದುರಿನ ಕಾರಿನಿಂದ ಕ್ಯಾಮೆರಾ ಹಿಡಿದವರು ನಗುತ್ತ ಇಳಿದರು.

"ಚಾಷ್ಟಿರಿ ಕಾಕಾ, ಪ್ರಾಂಕ್ ವಿಡಿಯೊ, ನಮ್ಮ ಚಾನೆಲ್ಲಿಗೆ. ಮಗಳು ಆರಾಮ ಅದಾಳ."

ಹೋದ ಜೀವ ಬಂದಂತಾಗಿ ಭಾವ, "ಆತು ಬಿಡ್ರಪಾ" ಎಂದರು. ಅಷ್ಟೇ.

ಮರುದಿನ ಆ ಅಳು ಹಿನ್ನೆಲೆ ನಗೆಯೊಂದಿಗೆ, ಜಾಹೀರಾತಿನ ಸಮೇತ, ಊರೂರ ಫೋನುಗಳಲ್ಲಿ ಓಡಾಡಿತು. ಮಗಳು ಹಾಸ್ಟೆಲಿನಲ್ಲಿ ಅದನ್ನು ನೋಡಿ ಊಟ ಬಿಟ್ಟಳು. ತಂದೆಯೊಬ್ಬನ ಪ್ರಾಣ ಹಿಂಡಿ ಅದಕ್ಕೆ ಪ್ರಾಂಕ್ ಎಂದು ಹೆಸರಿಡುವ ಈ ಉದ್ಯಮಕ್ಕೆ ನಾಚಿಕೆಯೆಂಬುದು ಬಂಡವಾಳದ ಪಟ್ಟಿಯಲ್ಲೇ ಇಲ್ಲ.

ಠಾಣೆಗೆ ಅಕ್ಕನ ಜೊತೆ ನಾನೂ ಹೋದೆ. ಸಂವಿಧಾನ, ಮಾನವ ಘನತೆ ಎಂದು ನಾನು ಏರುದನಿಯಲ್ಲಿ ಪೀಠಿಕೆ ಹಾಕುತ್ತಿದ್ದಾಗ, ಜಮಾದಾರರು ವಿಡಿಯೊ ನೋಡಿ ಮುಗಿಸಿ, "ಅವರೇ ಆತು ಅಂದಾರಲ್ರಿ, ಒಪ್ಪಿಗಿ ಕೊಟ್ಟಂಗಲ್ಲೇನು?" ಎಂದರು. ಚಾನೆಲ್ಲಿನವರೂ ನಮಗೆ ಫೋನಿನಲ್ಲಿ ಇದನ್ನೇ ಹೇಳಿದ್ದರು.

ಅಕ್ಕ ನನ್ನನ್ನು ಪಕ್ಕಕ್ಕೆ ಸರಿಸಿದಳು. "ಮಗಳು ಬದುಕ್ಯಾಳಂತ ಆತು ಅಂದಾರ್ರಿ. ‘ನನ್ನ ಅಳು ಮಾರ್ಕೋರಿ’ ಅಂದಿಲ್ಲ. ಇದನ್ನ ಬರಕೋರಿ."

ಬರೆದುಕೊಂಡರು.

ದೂರು ದಾಖಲಾದ ಮೇಲೆ ಚಾನೆಲ್ಲಿನವರು ವಿಡಿಯೊ ಅಳಿಸಿದರು. ಅಷ್ಟರಲ್ಲಿ ಅದರ ನಕಲುಗಳು ಎಲ್ಲೆಲ್ಲೋ ಹಬ್ಬಿದ್ದವು. ಕೆಲವು ದಿನ ಬಿಟ್ಟು ಅದೇ ತರುಣರು ಶಾಲು, ಹಾರ ಹಿಡಿದು ಕ್ಷಮೆ ಕೇಳಲು ಬಂದರು. ಹಿಂದೆ ಕ್ಯಾಮೆರಾ.

ಭಾವ ಹೊಲಿಗೆ ನಿಲ್ಲಿಸಿ, "ಆ ಕ್ಯಾಮೆರಾ ಗಾಡ್ಯಾಗ ಇಟ್ಟು ಬರ್ರಿ. ನಿಮ್ಮ ಮಾತು ನಾ ಒಬ್ಬ ಕೇಳಿದ್ರ ಸಾಕು" ಎಂದರು.

"ಶೂಟ್ ಮಾಡ್ಲಿಲ್ಲಂದ್ರ ಏನು ಉಪಯೋಗರಿ, ಕಾಕಾ?"

"ಹಂಗಾರ ಹೋಗ್ರಿ" ಎಂದು ಭಾವ ಮತ್ತೆ ಮಶೀನು ತುಳಿಯತೊಡಗಿದರು. ಹಾರದೊಂದಿಗೆ ಅವರು ಕಾರು ಹತ್ತಿದರು.

ಪ್ರಕರಣ ಇನ್ನೂ ನಡೆಯುತ್ತಿದೆ. ಈಗ ಮಗಳು ಫೋನ್ ಮಾಡಿದರೆ ‘ಅಪ್ಪಾ’ ಎನ್ನುವ ಮೊದಲೇ "ನಾ ಆರಾಮ ಅದೀನಿ" ಎನ್ನುತ್ತಾಳೆ. ಆ ಮಾತು ಕೇಳುವವರೆಗೆ ನಿಂತೇ ಇರುವ ಭಾವ, ಆಮೇಲೆ ಕುಳಿತು ಮಾತಾಡುತ್ತಾರೆ.